ಒಡನೆ ಬಾಳಿ ತೆಗೆದ ಚಿತ್ರಗಳು

ಪರಸ್ಥಳದಲ್ಲಿ ಎರಡು ದಿನ ತಂಗಿದ್ದು, ಹಿಂದಿರುಗಿದೊಡನೆ ಅಲ್ಲಿಯವರ ಗುಣದೋಷಗಳನ್ನು ನಿರ್ಣಯಿಸಿಬಿಡುವವರು ಲೋಕದಲ್ಲಿ ಅನೇಕರುಂಟು. ಜನರನ್ನು ಅರಿಯಬೇಕಾದರೆ ಅವರೊಡನೆ ಉಂಡು, ದುಡಿದು, ಮಳೆಚಳಿಗಳನ್ನು ಸಹಿಸಬೇಕೆಂದು ನಂಬಿ ಹಾಗೆಯೇ ನಡೆದವರು ವಿರಳ. ಅಂತಹ ಒಬ್ಬರು ಜಪಾನಿನ ಒಗಾವಾ ಶಿನ್ಸುಕೆ. ಕಲ್ಪಿತ ಕಥೆಗಳನ್ನು ಬಿಟ್ಟು, ನಡೆಯುತ್ತಿರುವ ಬಾಳನ್ನೇ ಚಲಚ್ಚಿತ್ರವಾಗಿ ತೆಗೆದ ಈ ಮಹನೀಯರ ವೃತ್ತಾಂತವನ್ನು ವಾಚಕರಿಗೆ ನಿವೇದಿಸುವೆವು.

1966ರಲ್ಲಿ ಜಪಾನ್ ಸರಕಾರವು ಟೋಕಿಯೋ ನಗರಕ್ಕೆ ಹೊಸ ವಿಮಾನನಿಲ್ದಾಣವನ್ನು ನರೀತಾ ಬಳಿಯ ಸಾನ್ರಿಜುಕಾ ಎಂಬಲ್ಲಿ ಕಟ್ಟಲು ನಿಶ್ಚಯಿಸಿತು. ತಮ್ಮನ್ನು ಒಂದು ಮಾತೂ ಕೇಳದೆ ಭೂಮಿಯನ್ನು ಕಸಿಯಹೊರಟುದನ್ನು ಅಲ್ಲಿಯ ರೈತರು ಪ್ರತಿಭಟಿಸಿದರು. 1968ರಲ್ಲಿ ಒಗಾವಾ ಅವರು ತಮ್ಮ ಬಳಗದೊಡನೆ ಅಲ್ಲಿಗೆ ಹೋಗಿ, ರೈತರ ಮಧ್ಯದಲ್ಲಿಯೇ ನೆಲೆಸಿದರು. ಮೊದಲ ಚಿತ್ರಗಳಲ್ಲಿ ಪೊಲೀಸರೊಡನೆ ನಡೆದ ಘರ್ಷಣೆಗಳೇ ಪ್ರಧಾನವಾಗಿದ್ದವು. 1973ರ ಹೊತ್ತಿಗೆ, ಹೆತಾ ಎಂಬ ಹಳ್ಳಿಯನ್ನು ಕುರಿತ ಚಿತ್ರದಲ್ಲಿ, ಕೋಲಾಹಲವು ಹಿಂದೆ ಸರಿದು ವೃದ್ಧರ ಮಾತೂ ಊರಿನ ನಡವಳಿಕೆಯೂ ಮುಂದೆ ಬಂದವು. ಜಗಳ ನೋಡಲು ಹೋದವರಿಗೆ, ರೈತರು ಯಾವುದಕ್ಕಾಗಿ ಜಗಳವಾಡುತ್ತಿರುವರೆಂಬುದು ಕಾಣಲು ಅಷ್ಟು ಕಾಲ ಬೇಕಾಯಿತು. ನಿಲ್ದಾಣವೇನೋ 1978ರಲ್ಲಿ ತೆರೆಯಿತು.

ಅಷ್ಟರೊಳಗೆ ಬಳಗವು ಉತ್ತರದ ಯಾಮಾಗಾತಾ ಪ್ರಾಂತದ ಮಾಗಿನೋ ಹಳ್ಳಿಗೆ ಹೋಗಿತ್ತು. ಅಲ್ಲಿ ಅವರು ತಾವೇ ಬತ್ತ ಬೆಳೆದರು. ಮಣ್ಣು, ನೀರು, ಶಾಖಗಳನ್ನು ಅಳೆದು ಬರೆದಿಟ್ಟುಕೊಂಡರು. ಬತ್ತದ ಹೂವು ಬಿರಿದಿರುವುದು ಅತ್ಯಲ್ಪ ಕಾಲ. ಅದನ್ನು ಸಹ ಚಿತ್ರದಲ್ಲಿ ಹಿಡಿದರು. ಊರಿನ ಪೂರ್ವಕಾಲದ ದಂಗೆಯ ಕಥೆಯನ್ನು ಹಳ್ಳಿಗರೇ ವೇಷ ಧರಿಸಿ ಅಭಿನಯಿಸಿದರು. ನಾವು ಅನೇಕ ವರ್ಷ ಪಾಠಶಾಲೆಯಲ್ಲಿ ಬತ್ತದ ಬೆಳೆಯನ್ನು ಪುಸ್ತಕ ನೋಡಿ ಬೋಧಿಸಿದೆವು. ಒಮ್ಮೆಯಾದರೂ ಗದ್ದೆಗಿಳಿದು ಆ ಹೂವನ್ನು ನೋಡಲಿಲ್ಲ. ಎದುರಿಗೆ ಕುಳಿತಿದ್ದ ರೈತರ ಮಕ್ಕಳು ಅದನ್ನು ಕಂಡಿದ್ದರು. ಅವರನ್ನು ಕೇಳಬೇಕೆಂದು ನಮಗೆ ತೋರಲೇ ಇಲ್ಲ.

ಆದರೆ ಈ ತಪಸ್ಸಿನ ವೆಚ್ಚವನ್ನು ಹೊತ್ತವರಾರು? 1992ರಲ್ಲಿ ಒಗಾವಾ ಅವರು ತೀರಿಕೊಂಡಾಗ ದೊಡ್ಡ ಸಾಲವು ಉಳಿದಿತ್ತು. 2000ದಲ್ಲಿ ಅಮೆರಿಕೆಯ ಬಾರ್ಬರಾ ಹ್ಯಾಮರ್ ಎಂಬಾಕೆ ಈ ಬಳಗವನ್ನೇ ಕುರಿತು ಚಿತ್ರ ತೆಗೆದಾಗ, ಅದರಲ್ಲಿದ್ದ ಸ್ತ್ರೀಯರ ಪಾಡು ಬೆಳಕಿಗೆ ಬಂದಿತು. ಅಡಿಗೆ ಮುಂತಾದ ಮನೆವಾರ್ತೆಯ ಭಾರವೆಲ್ಲ ಬಹುಮಟ್ಟಿಗೆ ಅವರದಾಗಿತ್ತು. ಪರರ ಕಷ್ಟವನ್ನು ಅಷ್ಟು ತಾಳ್ಮೆಯಿಂದ ಕಂಡ ಕಣ್ಣಿಗೆ ತನ್ನ ಒಲೆಯ ಮುಂದೆ ಕುಳಿತವರು ಕಾಣಲಿಲ್ಲವೆಂಬುದು ಶೋಚನೀಯ.

ಇದರಿಂದ ಆ ಚಿತ್ರಗಳ ಬೆಲೆಯು ಕುಂದದು. ಸಹವಾಸವಿಲ್ಲದೆ ತಿಳಿವಳಿಕೆಯಿಲ್ಲವೆಂಬ ಅವರ ಪಾಠವು ಸತ್ಯವೇ. ಆ ಪಾಠವನ್ನು ಸ್ವಗೃಹದಿಂದಲೇ ಮೊದಲ್ಗೊಳ್ಳಬೇಕೆಂದು ಮಾತ್ರ ಗೃಹಸ್ಥರಲ್ಲಿ ನಮ್ಮ ವಿಜ್ಞಾಪನೆ.