ಭೂಮಿಯ ಸೇವೆ, ಮನುಷ್ಯನ ಉಳಿವು

ಪರಿಸರ ವಿನಾಶಕ್ಕೆ ಪಾಶ್ಚಾತ್ಯ ಕ್ರೈಸ್ತ ಪರಂಪರೆಯೇ ಬಹುಮಟ್ಟಿಗೆ ಹೊಣೆಯೆಂದು ಇತಿಹಾಸಕಾರ ಲಿನ್ ವೈಟ್ 1967ರಲ್ಲಿ ಆರೋಪಿಸಿದರು. ಆದಿಕಾಂಡ 1:28ರ ದೊರೆತನದ ಮಾತನ್ನು ಮಾತ್ರ ಎತ್ತಿ ಹಿಡಿದ ಸಭೆಯು ಈ ಆರೋಪವನ್ನು ಸುಲಭವಾಗಿ ತಳ್ಳಿಹಾಕಲಾಗದು. ಆದರೆ ಆ ದೊರೆತನದ ಸ್ವರೂಪವೇನೆಂಬುದನ್ನು ಅರಿಯಲು ಎರಡನೆಯ ಅಧ್ಯಾಯವನ್ನೂ ಓದಬೇಕು.

ಆದಿಕಾಂಡ 2:5 ಹೊಲದಲ್ಲಿ ಪೈರಿಲ್ಲದಿದ್ದುದಕ್ಕೆ ಎರಡು ಕಾರಣಗಳನ್ನು ಕೊಡುತ್ತದೆ: ದೇವರು ಇನ್ನೂ ಮಳೆ ಸುರಿಸಿರಲಿಲ್ಲ, ನೆಲವನ್ನು ಉಳುವ ಮನುಷ್ಯನೂ ಇರಲಿಲ್ಲ. ಬಳಿಕ ಆ ನೆಲದ ಮಣ್ಣಿನಿಂದಲೇ ಮನುಷ್ಯನು ರೂಪುಗೊಳ್ಳುತ್ತಾನೆ. ಹೀಬ್ರೂ ಭಾಷೆಯಲ್ಲಿ 'ಆದಾಮ್' ಎಂದರೆ ಮನುಷ್ಯ, 'ಅದಾಮಾ' ಎಂದರೆ ನೆಲ. ಹೀಗೆ ನೆಲಕ್ಕೆ ಮನುಷ್ಯನ ದುಡಿಮೆ ಬೇಕು, ಮನುಷ್ಯನಿಗೆ ನೆಲವೇ ಮೂಲ. ಇಬ್ಬರಿಗೂ ದೇವರ ಮಳೆ ಬೇಕು. 2:15ರಲ್ಲಿ ಅವನಿಗೆ ಒಪ್ಪಿಸಲಾದ ಕೆಲಸವನ್ನು ಸೂಚಿಸುವ 'ಆವದ್', 'ಶಾಮರ್' ಎಂಬ ಕ್ರಿಯಾಪದಗಳಿಗೆ ಸೇವೆಮಾಡು, ಕಾಪಾಡು ಎಂಬ ಅರ್ಥಗಳೂ ಇವೆ. ಅರಣ್ಯಕಾಂಡ 3:7-8ರಲ್ಲಿ ಲೇವಿಯರ ಗುಡಾರಸೇವೆಯನ್ನು ವಿವರಿಸುವುದೂ ಇವೇ ಪದಗಳು. ತೋಟದ ದುಡಿಮೆಯೂ ಆರಾಧನೆಗೆ ಹತ್ತಿರವಾದುದೆಂದು ಇದರಿಂದ ತಿಳಿಯುತ್ತದೆ.

ಈ ಸಂಬಂಧ ಕೆಟ್ಟರೆ ಕೇಡು ಇಬ್ಬರಿಗೂ ತಟ್ಟುತ್ತದೆ. ಏಳನೆಯ ವರುಷ ಭೂಮಿಗೆ ವಿಶ್ರಾಂತಿ ಕೊಡಬೇಕೆಂದು ಯಾಜಕಕಾಂಡ 25 ವಿಧಿಸುತ್ತದೆ. ಜನರು ಕೊಡದೆ ಉಳಿಸಿಕೊಂಡ ಆ ಸಬ್ಬತ್ತುಗಳನ್ನು ಸೆರೆಯ 70 ವರುಷಗಳಲ್ಲಿ ಭೂಮಿಯು ಅನುಭವಿಸಿತೆಂದು 2 ಪೂರ್ವಕಾಲವೃತ್ತಾಂತ 36:21 ಹೇಳುತ್ತದೆ.

ನಮ್ಮ ಬಯಲುಸೀಮೆಯ ಕೆರೆಗಳೂ ಇದೇ ಪಾಠವನ್ನು ಕಲಿಸುತ್ತವೆ. ಮಳೆನೀರಿನೊಡನೆ ಹೂಳು ಬಂದು ಕೆರೆಯಲ್ಲಿ ತುಂಬುತ್ತದೆ. ಬೇಸಿಗೆಯಲ್ಲಿ ಊರವರು ಅದನ್ನು ಗಾಡಿಗಳಲ್ಲಿ ಹೊಲಕ್ಕೆ ಹೊಡೆದರೆ ಹೊಲಕ್ಕೆ ಗೊಬ್ಬರ, ಕೆರೆಗೆ ಆಳ. ಏರಿ, ತೂಬು, ಕೋಡಿಗಳನ್ನು ಜನರು ಕಾಯ್ದರು. ಕೆರೆಯು ಅಚ್ಚುಕಟ್ಟಿಗೆ ನೀರುಣಿಸಿ ಬಾವಿಗಳ ಒರತೆಯನ್ನು ಕಾಯ್ದಿತು. ಕೊಳವೆಬಾವಿ ಬಂದ ಮೇಲೆ ಕೆರೆ ಬೇಡವಾಯಿತು. ಹೂಳು ತುಂಬಿದ ಕೆರೆಯಲ್ಲಿ ನೀರು ನಿಲ್ಲದೆ ಅಂತರ್ಜಲ ಕುಸಿದು, ಕೊನೆಗೆ ಕೊಳವೆಬಾವಿಗಳೂ ಬತ್ತಿದವು.

ಸುಗ್ಗಿಯ ಆರಾಧನೆಯಲ್ಲಿ ನಾವು ಭೂಮಿಯಿಂದ ಪಡೆದುದಕ್ಕಾಗಿ ದೇವರಿಗೆ ಸ್ತೋತ್ರ ಸಲ್ಲಿಸುತ್ತೇವೆ. ಭೂಮಿಗೆ ನಾವು ಹಿಂದಿರುಗಿಸಿದ್ದೇನು ಎಂಬ ಪ್ರಶ್ನೆಯೂ ಅಂದಿನ ಪ್ರಸಂಗದಲ್ಲಿ ಕೇಳಿಬರಬೇಕು. ದೇವಪುತ್ರರ ಪ್ರತ್ಯಕ್ಷತೆಗಾಗಿ ಸೃಷ್ಟಿಯು ಕಾದಿದೆಯೆಂದು ಪೌಲನು ರೋಮಾಪುರದವರಿಗೆ ಬರೆದನು. ಸಭೆಗೆ ಸೇರಿದ ಹೊಲ, ಬಾವಿ, ಮರಗಳ ವಿಷಯದಲ್ಲಿ ಸಭಾಪಾಲಕರೂ ಹಿರಿಯರೂ ಕೈಗೊಳ್ಳುವ ನಿರ್ಧಾರಗಳು ಆ ನಿರೀಕ್ಷೆಗೆ ನಾವು ಕೊಡುವ ಮೊದಲ ಉತ್ತರವಾಗಿವೆ.