ಕಂತು ಹಗುರ, ಸಾಲ ಭಾರ

ಮನೆ ಒಕ್ಕಲಿನ ಊಟಕ್ಕೆ ಹೋದಾಗ ನಾವು ಟೈಲ್ಸಿನ ಬಣ್ಣ, ಬಾಗಿಲಿನ ಮರ ಎಲ್ಲವನ್ನೂ ವಿಚಾರಿಸುತ್ತೇವೆ. ಸಾಲ ಮಾಡುವಾಗ ಮಾತ್ರ "ತಿಂಗಳ ಕಂತು ಎಷ್ಟು?" ಎಂಬಲ್ಲಿಗೇ ನಮ್ಮ ಲೆಕ್ಕ ನಿಲ್ಲುತ್ತದೆ.

20 ಲಕ್ಷ ರೂಪಾಯಿಯನ್ನು ಶೇಕಡಾ 9ರ ಬಡ್ಡಿಗೆ 20 ವರ್ಷಗಳ ಅವಧಿಗೆ ಪಡೆದೆವೆನ್ನೋಣ. ಕಂತು ಸುಮಾರು 18,000 ರೂಪಾಯಿ. ಮೊದಲ ತಿಂಗಳು ಅದರಲ್ಲಿ 15,000 ಬಡ್ಡಿಗೇ ಹೋಗುತ್ತದೆ; ಅಸಲಿಗೆ ಸೇರುವುದು ಸುಮಾರು 3,000 ಮಾತ್ರ. ಸಾಲ ತೀರುವಾಗ ಕಟ್ಟಿದ್ದು 43 ಲಕ್ಷ ದಾಟಿರುತ್ತದೆ! ಕಂತು ಹಗುರವಾಗಲೆಂದು 30 ವರ್ಷ ಮಾಡಿಕೊಂಡರೆ ತಿಂಗಳಿಗೆ ಉಳಿಯುವುದು ಸುಮಾರು 1,900 ರೂಪಾಯಿ. ಒಟ್ಟು ಮೊತ್ತವೋ ಸುಮಾರು 58 ಲಕ್ಷಕ್ಕೆ ಏರುತ್ತದೆ. 35ನೇ ವಯಸ್ಸಿನಲ್ಲಿ ಮಾಡಿದ ಸಾಲ 65ರವರೆಗೂ ಬೆನ್ನು ಬಿಡುವುದಿಲ್ಲ.

ಬಡ್ಡಿ ಬದಲಾಗುವ ಸಾಲವಾದರೆ, ದರ ಏರಿದಾಗ ಕಂತು ಅಷ್ಟೇ ಇದ್ದು ವರ್ಷಗಳು ಸದ್ದಿಲ್ಲದೆ ಬೆಳೆಯುವುದೂ ಉಂಟು. ಇಂತಹ ಮನೆಸಾಲವನ್ನು ಅವಧಿಗೆ ಮೊದಲೇ ತೀರಿಸುವವರಿಗೆ ಬ್ಯಾಂಕುಗಳು ದಂಡ ಹಾಕಬಾರದೆಂದು ರಿಸರ್ವ್ ಬ್ಯಾಂಕ್ 2012ರಲ್ಲೇ ಹೇಳಿದೆ. ಆದ್ದರಿಂದ ಅಡಿಕೆ ಮಾರಿದ ಹಣವೋ ಬೋನಸ್ಸೋ ಕೈಗೆ ಬಂದಾಗ ಸ್ವಲ್ಪವನ್ನಾದರೂ ಅಸಲಿಗೆ ಕಟ್ಟೋಣ. ಮೇಲಿನ 20 ವರ್ಷದ ಸಾಲದಲ್ಲೇ, ಮೊದಲ ವರ್ಷದ ಕೊನೆಗೆ ಒಂದು ಲಕ್ಷ ಕಟ್ಟಿ ಕಂತನ್ನು ಹಾಗೆಯೇ ಮುಂದುವರಿಸಿದರೆ, ಎರಡು ವರ್ಷಕ್ಕೂ ಹೆಚ್ಚಿನ ಕಂತುಗಳು ತಪ್ಪುತ್ತವೆ.

ಬ್ಯಾಂಕಿನ ಕಾಗದಕ್ಕೆ ಸಹಿ ಹಾಕುವ ಮೊದಲು ಗಂಡ ಹೆಂಡತಿ ಇಬ್ಬರೂ ಕುಳಿತು ಈ ಲೆಕ್ಕ ಬರೆಯೋಣ. ಮನೆ ಮಕ್ಕಳಿಗೆ ಉಳಿಯಲಿ, ಸಾಲವಲ್ಲ.