ಟೆನಿಸ್ ಎಲ್ಬೋ: ದುಡಿಯುವ ಕೈಯ ನೋವು

ಟೆನಿಸ್ ಎಲ್ಬೋ ಎಂದ ಕೂಡಲೇ ನಮಗೆ ಸಚಿನ್ ತೆಂಡೂಲ್ಕರ್ ನೆನಪಾಗುತ್ತಾರೆ. 2004ರಲ್ಲಿ ಈ ನೋವು ಅವರನ್ನು ಆಟದಿಂದ ದೂರವಿಟ್ಟಿತ್ತು. 2005ರಲ್ಲಿ ಶಸ್ತ್ರಚಿಕಿತ್ಸೆಯೂ ಆಯಿತು. ಆದರೆ ಈ ನೋವು ಬರುವವರಲ್ಲಿ ಹೆಚ್ಚಿನವರು ಆಟಗಾರರೇ ಅಲ್ಲ. ನನ್ನ ಅಬ್ಬಾ ಬಡಗಿ. ಅವರಿಗೂ ಇದೇ ಬಂದಿತ್ತು.

ಮಣಿಕಟ್ಟನ್ನು ಮೇಲಕ್ಕೆತ್ತುವ ಸ್ನಾಯುಗಳು ಮೊಣಕೈಯ ಹೊರಬದಿಯ ಮೂಳೆಗೆ ಸ್ನಾಯುರಜ್ಜುವಿನಿಂದ ಅಂಟಿಕೊಂಡಿರುತ್ತವೆ. ಸ್ಕ್ರೂ ತಿರುಗಿಸುವುದು, ಬಟ್ಟೆ ಹಿಂಡುವುದು, ಬಕೆಟ್ ಎತ್ತುವುದು ಮುಂತಾದ ಕೆಲಸಗಳನ್ನು ಬಿಡುವಿಲ್ಲದೆ ಮಾಡಿದರೆ ಆ ರಜ್ಜು ಸವೆಯುತ್ತದೆ. 30 ದಾಟಿದವರಲ್ಲಿ ಇದು ಹೆಚ್ಚು. ಚಹಾದ ಲೋಟ ಹಿಡಿದರೂ, ಬಾಗಿಲ ಹಿಡಿ ತಿರುಗಿಸಿದರೂ ನೋವು.

ಪತ್ತೆ ಮಾಡಲು ಸಾಮಾನ್ಯವಾಗಿ ಸ್ಕ್ಯಾನಿಂಗ್ ಬೇಕಾಗುವುದಿಲ್ಲ. ವೈದ್ಯರು ಮೊಣಕೈಯ ಹೊರಬದಿಯನ್ನು ಒತ್ತಿ ನೋಡುತ್ತಾರೆ. ಆಮೇಲೆ ಕೈ ನೇರ ಮಾಡಿಸಿ, ಮುಷ್ಟಿಯನ್ನು ಮೇಲಕ್ಕೆತ್ತಲು ಹೇಳಿ, ತಾವು ಕೆಳಕ್ಕೆ ಒತ್ತುತ್ತಾರೆ. ಅದೇ ಜಾಗದಲ್ಲಿ ನೋವಾದರೆ ಟೆನಿಸ್ ಎಲ್ಬೋ ಇರಬಹುದು. ಬೆರಳು ಜೋಮು ಹಿಡಿದರೆ, ಕುತ್ತಿಗೆಯೂ ನೋಯುತ್ತಿದ್ದರೆ ಕಾರಣ ಬೇರೆ ಇರಬಹುದು. ಅದನ್ನು ವೈದ್ಯರಿಗೆ ಹೇಳಬೇಕು.

ಮೊದಲ ಚಿಕಿತ್ಸೆ, ನೋವು ತರುವ ಕೆಲಸವನ್ನು ಕಡಿಮೆ ಮಾಡುವುದು. ಮೊಣಕೈಗಿಂತ ಸ್ವಲ್ಪ ಕೆಳಗೆ ಪಟ್ಟಿ ಕಟ್ಟಿಕೊಂಡರೆ ಕೆಲವರಿಗೆ ಆರಾಮ. ನೋವಿನ ಮಾತ್ರೆಯನ್ನು ವೈದ್ಯರನ್ನು ಕೇಳಿಯೇ ತೆಗೆದುಕೊಳ್ಳಬೇಕು. ಮುಖ್ಯವಾದದ್ದು ವ್ಯಾಯಾಮ. ಮುಂಗೈಯನ್ನು ಮೇಜಿನ ಮೇಲಿಟ್ಟು, ಅಂಗೈ ಕೆಳಮುಖವಾಗಿರುವಂತೆ ಅಂಚಿನಾಚೆ ಚಾಚಿ, ಅರ್ಧ ಲೀಟರ್ ನೀರಿನ ಬಾಟಲಿ ಹಿಡಿಯಬೇಕು. ಇನ್ನೊಂದು ಕೈಯ ಸಹಾಯದಿಂದ ಮಣಿಕಟ್ಟನ್ನು ಮೇಲೆತ್ತಿ, ನಿಧಾನವಾಗಿ ಇಳಿಸಬೇಕು. ಎಷ್ಟು ಸಲ ಎಂಬುದನ್ನು ಫಿಸಿಯೋಥೆರಪಿಸ್ಟ್ ಹೇಳುತ್ತಾರೆ. ಗುಣವಾಗಲು ತಿಂಗಳುಗಳೇ ಹಿಡಿಯಬಹುದು. ಹೆಚ್ಚಿನವರು ಒಂದು ವರ್ಷದೊಳಗೆ ಶಸ್ತ್ರಚಿಕಿತ್ಸೆಯಿಲ್ಲದೆ ಸುಧಾರಿಸುತ್ತಾರೆ.

ದಿನಗೂಲಿಯ ಮನೆಗೆ ತಿಂಗಳು ಎಂದರೆ ದೊಡ್ಡ ಮಾತು. ಒಂದು ಇಂಜೆಕ್ಷನ್ ಹಾಕಿಸಿಕೊಂಡು ಕೆಲಸಕ್ಕೆ ಹೋಗುತ್ತೇನೆ ಎಂದು ಅಬ್ಬಾ ಹಟ ಹಿಡಿದಿದ್ದರು. ಸ್ಟೆರಾಯ್ಡ್ ಇಂಜೆಕ್ಷನ್ ಕೆಲವು ವಾರ ನೋವನ್ನು ಚೆನ್ನಾಗಿ ತಗ್ಗಿಸುತ್ತದೆ, ಆದರೆ ವರ್ಷದ ಕೊನೆಗೆ ನೋಡಿದರೆ ಅದನ್ನು ಪಡೆದವರಲ್ಲೇ ನೋವು ಮರಳುವುದು ಹೆಚ್ಚು ಎಂದು ಅಧ್ಯಯನಗಳು ತೋರಿಸಿವೆ. ವಾಣಿಜ್ಯ ಓದುವ ನನಗೆ ಇದು ಬಡ್ಡಿ ಸಾಲದಂತೆ ಕಂಡಿತು: ಇಂದು ಕೈಗೆ ಹಣ, ನಾಳೆ ಅದಕ್ಕಿಂತ ದೊಡ್ಡ ಬಾಕಿ. ಈ ಲೆಕ್ಕವನ್ನು ವೈದ್ಯರು ಬಿಡಿಸಿ ಹೇಳಿದ ಮೇಲೆ ಅಬ್ಬಾ ವ್ಯಾಯಾಮಕ್ಕೆ ಒಪ್ಪಿದರು.

ಗೆಳೆಯರೇ, ನಿಮ್ಮ ಮನೆಯಲ್ಲೂ ಹೊಲಿಯುವವರು, ಬಣ್ಣ ಬಳಿಯುವವರು, ಗಾರೆ ಕೆಲಸದವರು ಇರಬಹುದು. ಅವರು ಮೊಣಕೈ ಉಜ್ಜಿಕೊಳ್ಳುವುದನ್ನು ಕಂಡರೆ ಬೇಗನೆ ವೈದ್ಯರ ಬಳಿ ಕರೆದುಕೊಂಡು ಹೋಗಿ. ಭಾರದ ಬಕೆಟ್ಟನ್ನು ಅಷ್ಟು ದಿನ ನಾವು ಎತ್ತೋಣ.